ಮಂಗಳವಾರದ ಕ್ಷೌರ

ನನಗೆ ಜನರ ಮುಖಕ್ಕಿಂತ ತಲೆ ಚೆನ್ನಾಗಿ ನೆನಪಿರುತ್ತದೆ. ಬೀದಿಯಲ್ಲಿ ಮುಂದೆ ಹೋಗುತ್ತಿರುವವರನ್ನು ಹಿಂದಿನಿಂದಲೇ ಹೆಸರು ಹಿಡಿದು ಕೂಗಬಲ್ಲೆ. ಅವರು ತಿರುಗಿ ನಿಂತರೆ ಒಂದು ಕ್ಷಣ ಯಾರೆಂದು ತಿಳಿಯದೆ ತಬ್ಬಿಬ್ಬಾಗುತ್ತೇನೆ. ಇಪ್ಪತ್ತೆರಡು ವರ್ಷ ಕತ್ತರಿ ಹಿಡಿದವನ ಕಣ್ಣು ಹೀಗಾಗುವುದು ಸಹಜ. ನಮ್ಮೂರಿನ ಹುಣಸೆಕಟ್ಟೆಯ ಎದುರು ನನ್ನದೊಂದು ಕ್ಷೌರದಂಗಡಿ ಇದೆ. ಕನ್ನಡಿ ಒಂದು, ಬೆಂಚು ಒಂದು, ಕುರ್ಚಿ ಒಂದು. ಕನ್ನಡಿ, ಬೆಂಚುಗಳ ಬಗ್ಗೆ ಹೇಳುವಂಥದ್ದೇನಿಲ್ಲ. ಕುರ್ಚಿ ಮಾತ್ರ ಕಬ್ಬಿಣದ ಕಾಲಿನದು, ಗರಗರ ತಿರುಗುವಂಥದ್ದು, ಹಿಂದಕ್ಕೆ ಒರಗಿಸಿದರೆ ಗಿರಾಕಿ ಅರ್ಧ ನಿಮಿಷದಲ್ಲಿ ಗೊರಕೆ ಹೊಡೆಯುವಂಥದ್ದು. ಅದು ಬರುವ ಮೊದಲು ನಾನು ಪೆಟ್ಟಿಗೆ ಹಿಡಿದು ಓಣಿ ಓಣಿ ಅಲೆಯುತ್ತಿದ್ದೆ, ಜನರನ್ನು ಅವರವರ ಕಟ್ಟೆಯ ಮೇಲೆ ಕುಕ್ಕರಗಾಲಲ್ಲಿ ಕೂರಿಸಿ ಕೆಲಸ ಮಾಡುತ್ತಿದ್ದೆ. ಕುರ್ಚಿ ಬಂದ ಮೇಲೆ ದ್ಯಾಮ ಹೋಗಿ ದ್ಯಾಮಣ್ಣನಾದೆ.

ಒಂದು ದಿನ ಬೆಳಿಗ್ಗೆ ಅಂಗಡಿಯ ಬಾಗಿಲು ತೆಗೆದಾಗ ಕೋರ್ಟಿನ ಕಾಗದವೊಂದು ಕೆಳಗೆ ಬಿದ್ದಿತ್ತು. ನಾನು ಅದನ್ನು ಎತ್ತಿಕೊಳ್ಳುವಷ್ಟರಲ್ಲಿ ಕುರ್ಚಿ ಕಿರ್ ಎಂದು ಒಂದು ಗೇಣು ಮುಂದೆ ಸರಿದು ಹೊಸ್ತಿಲ ಮೇಲೆ ನಿಂತಿತು. ಕಾಗದ ಓದುವ ಅಗತ್ಯವೇ ಉಳಿಯಲಿಲ್ಲ.

ನಮ್ಮೂರಿನಲ್ಲಿ ಸಾಲದ ದಾವೆಯ ಕಾಗದ ಕೈಸೇರಿದ ದಿನದಿಂದ ಸಾಮಾನು ತಾನೇ ಹೊರಟುಬಿಡುತ್ತದೆ, ದಾವೆ ಹಾಕಿದವರ ಮನೆಯ ಕಡೆಗೆ. ಹತ್ತನೆಯ ದಿನ ಹೊತ್ತು ಮುಳುಗುವಷ್ಟರಲ್ಲಿ ಅಲ್ಲಿರುತ್ತದೆ. ಹತ್ತಿರದ್ದು ತೆವಳುತ್ತದೆ, ದೂರದ್ದು ಓಡುತ್ತದೆ. ಹಳ್ಳದಾಚೆಯಿಂದ ಒಂದು ಹಾರ್ಮೋನಿಯಂ ಏದುಸಿರು ಬಿಡುತ್ತ ಓಡಿಬಂದದ್ದನ್ನು ನಾನೇ ಕಂಡಿದ್ದೇನೆ. ಜನ ಇದಕ್ಕೆಲ್ಲ ಒಗ್ಗಿಹೋಗಿದ್ದಾರೆ. ಎದುರಿಗೆ ಮಂಚ ಬಂದರೆ ಸೈಕಲ್ಲಿನವರು ಇಳಿದು ದಾರಿ ಬಿಡುತ್ತಾರೆ, ಗಲ್ಲಿಯಲ್ಲಿ ಸಿಕ್ಕಿಹಾಕಿಕೊಂಡ ಕಪಾಟನ್ನು ಯಾರಾದರೂ ಸ್ವಲ್ಪ ಓರೆ ಮಾಡಿ ದಾಟಿಸುತ್ತಾರೆ. ತಡೆಯುವಂತಿಲ್ಲ, ದೂಡುವಂತಿಲ್ಲ, ಅಷ್ಟೇ ಕಟ್ಟಳೆ. ಸಾಮಾನು ಹೊರಟ ಮನೆಯವರು ಮಾತ್ರ ಹತ್ತು ದಿನ ಬಾಗಿಲು ಹಾಕಿಕೊಂಡು ಒಳಗೇ ಕೂರುತ್ತಾರೆ. ಅದು ಹಿಂದಿನಿಂದ ಬಂದ ರೂಢಿ, ಅವಮಾನದ ರೂಢಿ. ಹೆಚ್ಚಿನವರಿಗೆ ಸಾಲಕ್ಕಿಂತ ಅದೇ ಭಾರ.

ನನ್ನ ಹೆಂಡತಿ ಕಸ್ತೂರಿ ಕಾಗದ ಓದಿ, ಬಾಗಿಲು ಹಾಕೋಣವೇ ಎಂದು ಕೇಳಿದಳು. ಬೆಂಚಿನ ಮೇಲೆ ಮೂವರು ಗಿರಾಕಿಗಳು ಕೂತಿದ್ದರು. ಒಬ್ಬರ ಗಡ್ಡಕ್ಕೆ ಆಗಲೇ ಸೋಪು ಹಚ್ಚಿಯಾಗಿತ್ತು. ಸೋಪು ಹಚ್ಚಿದ ಗಡ್ಡ ಬಿಟ್ಟು ಬಾಗಿಲು ಹಾಕಿಕೊಳ್ಳುವುದು ನನ್ನ ಕೈಲಾಗುವ ಮಾತಲ್ಲ. ಅವರನ್ನು ಹೊಸ್ತಿಲ ಮೇಲಿನ ಕುರ್ಚಿಗೇ ಕರೆದು ಕೂರಿಸಿದೆ. ಎಡಗೆನ್ನೆ ಮುಗಿಯುವಷ್ಟರಲ್ಲಿ ಕುರ್ಚಿ ಇನ್ನೊಂದು ಗೇಣು ಸರಿಯಿತು. ನಾನೂ ಸರಿದೆ. ಬಲಗೆನ್ನೆ ಬೀದಿಯಲ್ಲಾಯಿತು.

ಕುರ್ಚಿಯ ಕಥೆ ಇಷ್ಟು. ಕಬ್ಬಿಣದ ವ್ಯಾಪಾರಿ ಅಂದಾನಪ್ಪ ಸಾಹುಕಾರರು ಏಳು ವರ್ಷದ ಹಿಂದೆ ಎಲ್ಲಿಂದಲೋ ಅದನ್ನು ತಂದು ನನಗೆ ಕೊಟ್ಟರು. ಕೊಡುವಾಗ ಒಂದು ಕಾಗದದ ಮೇಲೆ, ಕೇಳಿದ ದಿನ ಹಣ ಕೊಡುತ್ತೇನೆಂದು ಬರೆಸಿಕೊಂಡು ರುಜು ಹಾಕಿಸಿದರು. ಅದು ಶಾಸ್ತ್ರಕ್ಕೆ. ಮಾತು ಬೇರೆಯೇ ಇತ್ತು: ಏಳು ವರ್ಷ ಮನೆಗೆ ಬಂದು ಕ್ಷೌರ ಮಾಡು, ಕುರ್ಚಿ ನಿನ್ನದು, ಕಾಗದ ಹರಿದುಹಾಕುತ್ತೇನೆ. ಬೇರೆ ದಿನ ಅಂಗಡಿ ಬಿಟ್ಟು ಹೋಗಲಾಗದೆ ರಜೆಯ ದಿನವಾದ ಮಂಗಳವಾರ ಹೋಗುತ್ತಿದ್ದೆ. ಮಂಗಳವಾರ ಯಾರೂ ತಲೆ ಮುಟ್ಟಿಸಿಕೊಳ್ಳುವುದಿಲ್ಲ. ಸಾಹುಕಾರರು ಮಾತ್ರ, ಕೂದಲಿಗೆ ವಾರ ಗೊತ್ತಿರುವುದಿಲ್ಲ ಎನ್ನುತ್ತಿದ್ದರು. ಆದರೂ ಜನರ ಬಾಯಿಗೆ ಬೀಳುವುದು ಬೇಡವೆಂದು ಹಿತ್ತಿಲ ಬಾಗಿಲಿನಿಂದ ಹೋಗುತ್ತಿದ್ದೆ, ಹಿತ್ತಿಲ ಬಾಗಿಲಿನಿಂದ ಬರುತ್ತಿದ್ದೆ. ಏಳು ವರ್ಷ ತುಂಬಿದ ವಾರ, ಬರುವ ಮಂಗಳವಾರ ಕಾಗದ ಹರಿದುಬಿಡೋಣ ಎಂದರು. ಆ ಮಂಗಳವಾರ ಹೋದಾಗ ಅವರನ್ನು ಪಡಸಾಲೆಯಲ್ಲಿ ಮಲಗಿಸಿದ್ದರು. ಕೊನೆಯ ಕ್ಷೌರವನ್ನೂ ನಾನೇ ಮಾಡಿದೆ. ಒಂದು ಗೀರೂ ಬೀಳದಂತೆ ಮಾಡಿದೆ. ಕಾಗದದ ನೆನಪು ಅವತ್ತು ಯಾರಿಗಿರುತ್ತದೆ?

ದಾವೆ ಹಾಕಿದವರು ಸಾಹುಕಾರರ ಅಳಿಯ ವಾಮದೇವಪ್ಪನವರು. ಬೇರೆ ಊರಿನಿಂದ ಬಂದು ಮೂರು ವರ್ಷದಿಂದ ಮಾವನ ಮನೆಯಲ್ಲೇ ಇದ್ದವರು. ಕೆಟ್ಟವರಲ್ಲ, ಆದರೆ ಕಾಗದದಲ್ಲಿ ಇಲ್ಲದ್ದು ಲೋಕದಲ್ಲೂ ಇಲ್ಲ ಎಂದು ನಂಬಿದವರು. ಮಾವನ ಪೆಟ್ಟಿಗೆಯಲ್ಲಿ ನನ್ನ ರುಜು ಇರುವ ಕಾಗದ ಸಿಕ್ಕಿತು, ಹಾಕಿದರು. ಇನ್ನೊಂದು ವಿಷಯ ಇಲ್ಲೇ ಹೇಳಿಬಿಡುತ್ತೇನೆ. ಅವರೇ ಊರಿಗೆಲ್ಲ ತೋರಿಸಿದ್ದಾರೆ, ಇನ್ನು ಹೇಳಿದರೆ ತಪ್ಪಿಲ್ಲ. ವಾಮದೇವಪ್ಪನವರ ತಲೆಯ ಮೇಲಿದ್ದದ್ದು ವಿಗ್. ಅದರ ಕೆಳಗೆ ಕಿವಿಯಿಂದ ಕಿವಿಗೆ ಒಂದು ಸುತ್ತು ಕೂದಲು, ನಡುವೆ ನುಣ್ಣಗೆ ಬಯಲು. ಮಾವನದು ಮುಗಿದ ಮೇಲೆ ಹಿಂದಿನ ಕೋಣೆಯಲ್ಲಿ ಕದ ಹಾಕಿಕೊಂಡು ಆ ಸುತ್ತನ್ನು ನಾನೇ ಸಮ ಮಾಡುತ್ತಿದ್ದೆ. ಮೂರು ವರ್ಷದಲ್ಲಿ ನಾವಿಬ್ಬರೂ ಅಲ್ಲಿ ಹತ್ತು ಮಾತೂ ಆಡಿರಲಿಕ್ಕಿಲ್ಲ. ಅವರು ಕಣ್ಣು ಮುಚ್ಚಿ ಕೂರುತ್ತಿದ್ದರು, ನಾನು ಉಸಿರು ಬಿಗಿಹಿಡಿದು ಕೆಲಸ ಮುಗಿಸುತ್ತಿದ್ದೆ. ನನ್ನ ಕೂಲಿಯನ್ನು ಮಾವ ಹಣವಾಗಿಯೇ ಕೊಡುತ್ತಿದ್ದಾರೆ ಎಂದು ಅವರು ತಿಳಿದಿದ್ದರಂತೆ. ನಾನೂ ಹೇಳಲಿಲ್ಲ, ಅವರೂ ಕೇಳಲಿಲ್ಲ.

ಮೂರನೆಯ ದಿನ ಕುರ್ಚಿ ವಕೀಲೆ ನೀಲಾಂಬಿಕೆಯವರ ಕಚೇರಿಯ ಬಾಗಿಲಿಗೆ ಅಡ್ಡ ಬಂತು. ಅವರು ಹೊರಗೆ ಬರಲಾಗದೆ ಒಳಗೇ ನಿಂತು, ನಾನೊಬ್ಬರ ಮೀಸೆ ಕತ್ತರಿಸುವುದನ್ನು ನೋಡಿದರು. ಹತ್ತು ವರ್ಷ ವಕೀಲಿಕೆ ಮಾಡಿದ್ದರೂ ಹೊರಟ ಸಾಮಾನಿನ ಹಿಂದೆ ಬಂದವನನ್ನು ಅವರು ಕಂಡಿರಲಿಲ್ಲ. ತಕರಾರು ಇದೆಯೇ ಎಂದು ಕೇಳಿದರು. ಇದೆ ಎಂದು ಎಲ್ಲ ಹೇಳಿದೆ, ವಿಗ್ಗಿನ ವಿಷಯ ಒಂದು ಬಿಟ್ಟು. ಇಂಥ ದಾವೆಗಳಲ್ಲಿ ಕಾಗದವನ್ನೇ ನಂಬುತ್ತಾರೆ, ನಾವು ಎದುರಾಡಬೇಕಾದರೆ ಎದುರಾಡಲು ಮೊದಲು ಅಪ್ಪಣೆ ಕೇಳಬೇಕು, ಅದನ್ನೂ ಹತ್ತು ದಿನದೊಳಗೆ ಕೇಳಬೇಕು ಎಂದು ವಿವರಿಸಿದರು. ಜಗಳಕ್ಕೆ ಮೊದಲು ಜಗಳವಾಡಲೇ ಎಂದು ಕೇಳುವ ಈ ಪದ್ಧತಿ ಕೇಳಿ ನನಗೆ ನಗು ಬಂತು. ಕಸ್ತೂರಿ ಜೊತೆಗಿನ ಜಗಳದಲ್ಲೂ ಈ ಪದ್ಧತಿ ನಡೆದಿದ್ದರೆ ಎಷ್ಟು ಚೆನ್ನಾಗಿತ್ತು.

ನಕ್ಕಿದ್ದನ್ನು ನೋಡಿ ಅವರು ಗಂಭೀರವಾದರು. "ನೀ ಗೆಲ್ಲಬೇಕಾಗಿಲ್ಲ, ದ್ಯಾಮಣ್ಣ. ನಿನ್ನ ಕಡೆಗೂ ಕೇಳೋವಂಥಾ ಒಂದು ಮಾತೈತಿ ಅಂತ ತೋರಿಸಿದ್ರ ಸಾಕು. ಖರೇನೋ ಸುಳ್ಳೋ ಆಮ್ಯಾಲೆ ನೋಡ್ತಾರ. ಆದ್ರ ಅಷ್ಟರ ತೋರಿಸ್ಲೇಬೇಕು."

ತೋರಿಸಿದರೆ ಕುರ್ಚಿ ಆ ಹೊತ್ತಿಗೆ ಎಲ್ಲಿದೆಯೋ ಅಲ್ಲೇ ನಿಲ್ಲುತ್ತದೆ, ವಿಚಾರಣೆ ಮುಗಿಯುವವರೆಗೆ ಯಾರೂ ಒಯ್ಯುವಂತಿಲ್ಲ. ಪೇಟೆಯ ನಡುವೆ ಒಂದು ಕಬ್ಬಿಣದ ಬೀರು ಹಾಗೆ ನಿಂತು ನಾಲ್ಕು ವರ್ಷವಾಯಿತು. ಬಸ್ಸಿನವರು ಅದಕ್ಕೆ ಬೀರು ಸ್ಟಾಪ್ ಎಂದು ಹೆಸರಿಟ್ಟಿದ್ದಾರೆ. ನ್ಯಾಯಾಧೀಶರಿಗೆ ಅರೆಮನಸ್ಸಾದರೆ ಮೊದಲು ಹಣ ಕಟ್ಟು, ಆಮೇಲೆ ಮಾತಾಡು ಎನ್ನುತ್ತಾರೆ. ಹಣ ಇದ್ದಿದ್ದರೆ ನಾನು ಇಷ್ಟು ಮಾತಾಡುತ್ತಲೇ ಇರಲಿಲ್ಲ. ದಾವೆ ಪೂರ್ತಿ ಬಿದ್ದುಹೋದರೆ, ಇಲ್ಲವೇ ಹಾಕಿದವರೇ ಹಿಂದಕ್ಕೆ ತೆಗೆಯುತ್ತೇನೆಂದು ಬಾಯಿಬಿಟ್ಟು ಹೇಳಿದರೆ ಮಾತ್ರ ಸಾಮಾನು ತಿರುಗಿ ಮನೆಗೆ ಬರುತ್ತದೆ. ವಾಪಸು ಬರುವ ಸಾಮಾನಿಗೆ ಬಲು ಅವಸರ, ಹತ್ತು ದಿನದ ದಾರಿಯನ್ನು ಒಂದೇ ಬೆಳಿಗ್ಗೆ ಮುಗಿಸುತ್ತದೆ.

ಅರ್ಜಿ ಹಾಕಿದೆವು. ಕುರ್ಚಿಯೂ ನಾನೂ ಬೀದಿಯುದ್ದಕ್ಕೆ ಸಾಗಿದೆವು. ನಿಜ ಹೇಳಬೇಕೆಂದರೆ ಆ ವಾರದಷ್ಟು ಗಿರಾಕಿ ನನಗೆ ಯಾವತ್ತೂ ಬಂದಿರಲಿಲ್ಲ. ಹಾಲಿನ ಡೇರಿಯ ಹತ್ತಿರ ಕೂತವರು ದರ್ಜಿಯ ಅಂಗಡಿಯ ಹತ್ತಿರ ಏಳುತ್ತಿದ್ದರು. ಕೆಲವರು ಹೋಗಬೇಕಾದ ಕಡೆಗೆ ಹೇಗೂ ಹೋದಂತಾಯಿತೆಂದು ಕ್ಷೌರ ಮಾಡಿಸಿಕೊಂಡರು. ಕಸ್ತೂರಿ ಮೊದಲೆರಡು ದಿನ ಮುಖಕ್ಕೆ ಸೆರಗು ಮುಚ್ಚಿಕೊಂಡು ಊಟ ತಂದಳು, ಮೂರನೆಯ ದಿನ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಬಿಸಿನೀರಿನ ಕೊಡವನ್ನೂ ತಂದಳು. ಆದರೆ ಪ್ರತಿ ಗೇಣಿಗೂ ಸಾಹುಕಾರರ ಹೊಸ್ತಿಲಿಗೆ ಇನ್ನೆಷ್ಟು ದೂರವೆಂದು ಕಣ್ಣಳತೆ ಮಾಡುತ್ತಿದ್ದೆ. ನಗುತ್ತಿದ್ದೆ, ಲೆಕ್ಕ ಹಾಕುತ್ತಲೂ ಇದ್ದೆ.

ಒಂಬತ್ತನೆಯ ದಿನ ವಾಮದೇವಪ್ಪನವರ ಉತ್ತರ ಬಂತು. ನೀಲಾಂಬಿಕೆಯವರು ಅದನ್ನು ಓದಿ ನನ್ನ ಮುಖ ನೋಡಿದರು. ದ್ಯಾಮಣ್ಣ ಎಂಬವರು ನಮ್ಮ ಮನೆಗೆ ಕ್ಷೌರಕ್ಕೆ ಎಂದೂ ಬಂದಿಲ್ಲ, ನನ್ನ ತಲೆಯನ್ನಂತೂ ಮುಟ್ಟಿಯೇ ಇಲ್ಲ ಎಂದು ಬರೆದಿದ್ದರು. ನಿನ್ನನ್ನು ಕಂಡವರು ಯಾರಿದ್ದಾರೆ ಎಂದು ವಕೀಲರು ಕೇಳಿದರು. ಮಂಗಳವಾರ, ಹಿತ್ತಿಲ ಬಾಗಿಲು, ಕಂಡವರೆಂದರೆ ಆ ಮನೆಯವರೇ, ಅವರು ನನ್ನ ಪರ ಹೇಳಲಾರರು. ಏಳು ವರ್ಷ ನಾನು ಎಷ್ಟು ಜಾಣತನದಿಂದ ಓಡಾಡಿದ್ದೆನೆಂದರೆ ನಾಯಿಯೂ ಬೊಗಳಿರಲಿಲ್ಲ. ಅವರು ಸುಳ್ಳು ಬರೆದದ್ದು ಹಣಕ್ಕಲ್ಲ, ತಲೆಗೆ ಎಂದು ನನಗೆ ಆ ಕ್ಷಣವೇ ಹೊಳೆಯಿತು. ನಾನು ಮನೆಗೆ ಬರುತ್ತಿದ್ದೆ ಎಂದು ಒಪ್ಪಿಕೊಂಡರೆ, ಅಂಗಡಿಗೆ ಬಾರದೆ ಕದ ಹಾಕಿಕೊಂಡು ಏನು ಮಾಡಿಸುತ್ತೀರಿ ಎಂದು ಊರು ಕೇಳುತ್ತದೆ. ಹೊಳೆದರೂ ಬಾಯಿ ಬಿಡಲಿಲ್ಲ. ನನ್ನ ಅಪ್ಪ ನನ್ನ ಕೈಗೆ ಕತ್ತಿ ಕೊಟ್ಟ ದಿನ ಒಂದೇ ಮಾತು ಹೇಳಿದ್ದ: ತಲೆಯ ಮೇಲೆ ಕಂಡದ್ದು ತಲೆಯ ಮೇಲೇ ಇರಲಿ. ಊರಿನ ಎಷ್ಟೋ ಬೋಳು, ಗಂಟು, ಹಳೆಯ ಪೆಟ್ಟಿನ ಗುರುತು ನನ್ನಲ್ಲಿ ಹಾಗೇ ಇವೆ.

ಹತ್ತನೆಯ ದಿನ ಮಧ್ಯಾಹ್ನ ನಮ್ಮ ಅರ್ಜಿಯ ವಿಚಾರ ನಡೆಯಿತು. ಇಂಥ ಅರ್ಜಿಯನ್ನು ಸಾಮಾನು ಇರುವಲ್ಲೇ ಕೇಳುವುದು ನಮ್ಮಲ್ಲಿ ಪದ್ಧತಿ. ಕುರ್ಚಿ ಸಾಹುಕಾರರ ಮನೆಯ ಗೇಟಿನ ನಡುವೆ ಬಂದಿತ್ತು, ಹೊಸ್ತಿಲಿಗೆ ಇನ್ನು ಎಂಟು ಗೇಣು. ನ್ಯಾಯಾಧೀಶರಿಗೆ ಕಟ್ಟೆಯ ಮೇಲೆ ಮೇಜು ಹಾಕಿದ್ದರು. ಅವರು ಮನೆಯಲ್ಲೇ ಸ್ವಂತ ಕೈಯಿಂದ ಗಡ್ಡ ಕತ್ತರಿಸಿಕೊಳ್ಳುವವರು. ಎಡಗಡೆ ಒಂದು ಬೆರಳಷ್ಟು ಉದ್ದ ಉಳಿದಿತ್ತು, ನನ್ನ ಕಣ್ಣು ಪದೇಪದೇ ಅಲ್ಲಿಗೇ ಹೋಗುತ್ತಿತ್ತು. ವಾಮದೇವಪ್ಪನವರು ಎದುರು ನಿಂತಿದ್ದರು. ಮಾವ ತೀರಿದ ಮೇಲೆ ನನ್ನನ್ನು ಕರೆದಿರಲಿಲ್ಲ, ವಿಗ್ಗಿನ ಅಂಚಿನಿಂದ ಸುತ್ತಿನ ಕೂದಲು ಎಳೆಎಳೆಯಾಗಿ ಇಣುಕುತ್ತಿತ್ತು. ಅವರ ಹೆಂಡತಿ ಸುವರ್ಣಕ್ಕ ಬಾಗಿಲಲ್ಲಿದ್ದರು.

ನೀಲಾಂಬಿಕೆಯವರು ನಮ್ಮ ಮಾತು ಹೇಳಿದರು. ಮಂಗಳವಾರ ಎಂದಾಗ ಸೇರಿದ ಜನ ಗೊಳ್ಳೆಂದು ನಕ್ಕರು. ನ್ಯಾಯಾಧೀಶರೂ ಹುಬ್ಬೇರಿಸಿದರು. ಮಂಗಳವಾರ ಯಾವ ಮನೆಯಲ್ಲಿ ಕ್ಷೌರ ಮಾಡಿಸುತ್ತಾರೆ, ಇದು ಹಣ ಕೊಡದಿರಲು ಕಟ್ಟಿದ ಮಾತಿನಂತಿದೆಯಲ್ಲ ಎಂದರು. ಹಣ ಕಟ್ಟಿದರೆ ಮಾತಾಡಲು ಬಿಡಬಹುದೇನೋ ಎಂದು ಗೊಣಗಿಕೊಳ್ಳುತ್ತ ಪೆನ್ನು ಎತ್ತಿದರು. ಕುರ್ಚಿ ಒಂದು ಗೇಣು ಸರಿಯಿತು. ಕಸ್ತೂರಿ ನನ್ನ ತೋಳು ಹಿಡಿದಳು.

ನಾನು ಕೈ ಎತ್ತಿದೆ. ವಾಮದೇವಪ್ಪನವರ ತಲೆಯ ಬಗ್ಗೆ ಅವರ ಕ್ಷೌರಿಕನಿಗಷ್ಟೇ ಗೊತ್ತಿರುವ ಒಂದು ಸಂಗತಿ ನನಗೆ ಗೊತ್ತಿದೆ ಎಂದೆ. ಹಾಗಾದರೆ ಹೇಳು ಎಂದರು ನ್ಯಾಯಾಧೀಶರು. ಬೀದಿಯೆಲ್ಲ ಕಿವಿಯಾಯಿತು. ವಾಮದೇವಪ್ಪನವರ ಮುಖದ ರಕ್ತ ಇಳಿದುಹೋದದ್ದು ನನಗೇ ಕಂಡಿತು, ಮುಖ ನೋಡಿ ಅಭ್ಯಾಸವಿಲ್ಲದ ನನಗೆ. ಬಾಯಲ್ಲಿ ಎರಡಕ್ಷರ ಬಂದರೆ ಸಾಕಿತ್ತು, ಕುರ್ಚಿ ಉಳಿಯುತ್ತಿತ್ತು. ಆ ಎರಡಕ್ಷರ ನಾಲಿಗೆಯ ತುದಿಗೆ ಬಂದು ಕೂತಿತ್ತು ಎಂಬುದನ್ನು ಮುಚ್ಚಿಡುವುದಿಲ್ಲ. ಆದರೆ ಅಪ್ಪನ ಮಾತು ಅಡ್ಡ ಬಂತು.

"ಎಲ್ಲಾರ ಮುಂದ ಹೇಳಾಂಗಿಲ್ರಿ," ಎಂದೆ. "ಅವರ ಕಿವ್ಯಾಗ ಹೇಳ್ತೀನಿ. ಕೇಳಿದ ಮ್ಯಾಲೂ ಇವ ನನ್ನ ತಲಿ ಮುಟ್ಟಿಲ್ಲ ಅಂತ ಅವರಂದ್ರ, ಕುರ್ಚಿ ಒಳಗ ಹೋಗಲಿ."

ನೀಲಾಂಬಿಕೆಯವರು ಹಣೆ ಚಚ್ಚಿಕೊಂಡರು. ನ್ಯಾಯಾಧೀಶರು ಸ್ವಲ್ಪ ಯೋಚಿಸಿ ಆಗಲಿ ಎಂದರು. ನಾನು ವಾಮದೇವಪ್ಪನವರ ಹತ್ತಿರ ಹೋದೆ. ಅವರ ಮೈ ಬೆವರಿನಿಂದ ತೊಯ್ದಿತ್ತು. ಏನು ಹೇಳಬೇಕೆಂದು ಯೋಚಿಸಿಯೇ ಹೋಗಿದ್ದೆ, ಆದರೆ ಹತ್ತಿರದಿಂದ ಆ ತಲೆ ಕಂಡ ಕೂಡಲೆ ಯೋಚಿಸಿದ್ದೆಲ್ಲ ಮರೆಯಿತು. ಬಲಗಿವಿಯ ಮೇಲೆ, ವಿಗ್ಗಿನ ಅಂಟು ಹತ್ತುವ ಕಡೆ, ಚರ್ಮ ಕೆಂಪಾಗಿ ಗುಳ್ಳೆ ಎದ್ದಿತ್ತು. ಮೊದಲೂ ಏಳುತ್ತಿತ್ತು, ನಾನು ಕೊಬ್ಬರಿ ಎಣ್ಣೆ ಹಚ್ಚಲು ಹೇಳಿದ್ದೆ. ಕಿವಿಯಲ್ಲಿ ಅದನ್ನೇ ಕೇಳಿದೆ: ಗುಳ್ಳಿಗೆ ಎಣ್ಣಿ ಹಚ್ಚೀರೋ ಇಲ್ಲೋ?

"ಹಚ್ಚೀನಿ, ಆದ್ರೂ ಕಡಿಮಿ ಆಗವಲ್ದು," ಎಂದರು ವಾಮದೇವಪ್ಪನವರು, ಬೀದಿಗೆಲ್ಲ ಕೇಳುವಂತೆ.

ಹಿಂದಿನ ಕೋಣೆಯಲ್ಲಿ ಈ ಗುಳ್ಳೆಯ ಮಾತಿಗೆ ಉತ್ತರ ಕೊಟ್ಟು ರೂಢಿಯಾಗಿದ್ದ ಬಾಯಿ, ಇಲ್ಲೂ ತಾನೇ ಕೊಟ್ಟುಬಿಟ್ಟಿತ್ತು. ಏನು ಹಚ್ಚಿದ್ದೀರಿ, ಏನು ಕಡಿಮೆಯಾಗಿಲ್ಲ ಎಂದು ನ್ಯಾಯಾಧೀಶರು ಕೇಳಿದರು. ವಾಮದೇವಪ್ಪನವರು ನೆಲ ನೋಡಿದರು, ನನ್ನನ್ನು ನೋಡಿದರು. ನಾನು ಬಾಯಿ ಹೊಲಿದುಕೊಂಡವನಂತೆ ನಿಂತಿದ್ದೆ. ಕೊನೆಗೆ ಅವರು, ಈತ ನಮ್ಮ ಮನೆಗೆ ಬರುತ್ತಿದ್ದದ್ದು ನಿಜ, ಮಂಗಳವಾರ ಬರುತ್ತಿದ್ದದ್ದೂ ನಿಜ, ಕುರ್ಚಿಯ ಮಾತು ಮಾತ್ರ ನನಗೆ ಗೊತ್ತಿಲ್ಲ ಎಂದರು. ಹಾಗಾದರೆ ಇದರಲ್ಲಿ ಕೇಳುವಂಥದ್ದಿದೆ ಎಂದು ನ್ಯಾಯಾಧೀಶರು ಬರೆದರು. ಹಣ ಕಟ್ಟುವ ಮಾತಿಲ್ಲ, ದ್ಯಾಮಣ್ಣ ಎದುರಾಡಬಹುದು, ವಿಚಾರಣೆ ಎರಡು ತಿಂಗಳ ಮೇಲೆ. ಕುರ್ಚಿ ಕಿರ್ ಎಂದು ನಿಂತಿತು. ಹೊಸ್ತಿಲಿಗೆ ಏಳು ಗೇಣು ಉಳಿದಿತ್ತು. ಕಸ್ತೂರಿ ಅಲ್ಲೇ ಕೂತು ಅತ್ತಳು, ನನಗೂ ಕಣ್ಣು ತುಂಬಿತು.

ಮರುದಿನದಿಂದ ನನ್ನ ಅಂಗಡಿ ಸಾಹುಕಾರರ ಗೇಟಿನಲ್ಲಿ ಶುರುವಾಯಿತು. ವಾಮದೇವಪ್ಪನವರು ಹೊರಗೆ ಹೋಗಬೇಕಾದರೆ ಹೊಟ್ಟೆ ಒಳಗೆಳೆದುಕೊಂಡು ಕುರ್ಚಿಯ ಪಕ್ಕದಲ್ಲಿ ಅಡ್ಡಡ್ಡ ದಾಟಬೇಕಿತ್ತು. ದಿನಕ್ಕೆ ಎರಡು ಸಲ ಸೋಪಿನ ನೊರೆ ಅಂಗಿಗೆ ಮೆತ್ತಿಕೊಳ್ಳುತ್ತಿತ್ತು. ಅವರು ಬೈಯಲಿಲ್ಲ. ಸುವರ್ಣಕ್ಕ ನನಗೆ ಮಜ್ಜಿಗೆ ಕಳಿಸುತ್ತಿದ್ದರು. ಜನ ಅವರ ತಲೆಯ ಗುಟ್ಟೇನೆಂದು ನನ್ನನ್ನು ಕೇಳಿ ಕೇಳಿ ಸೋತರು. ಗಂಟು ಎಂದರು, ಹಚ್ಚೆ ಎಂದರು, ಒಬ್ಬರು ಎರಡು ಕೊಂಬಿನ ಮಾತೂ ಎತ್ತಿದರು. ಕಸ್ತೂರಿಗೂ ನಾನು ಹೇಳಲಿಲ್ಲ, ಅದಕ್ಕೆ ಒಂದು ವಾರ ಸಾರಿಗೆ ಉಪ್ಪಿರಲಿಲ್ಲ.

ವಿಚಾರಣೆಗೆ ನಾಲ್ಕು ದಿನ ಉಳಿದಿತ್ತು. ಮಂಗಳವಾರ, ಕೆಲಸವಿರಲಿಲ್ಲ, ಕಸ್ತೂರಿಯನ್ನು ಕರೆದುಕೊಂಡು ಕುರ್ಚಿಗೆ ಎಣ್ಣೆ ಬಿಡಲು ಹೋಗಿದ್ದೆ, ರೂಢಿಯಂತೆ ಕತ್ತರಿಯ ಪೆಟ್ಟಿಗೆಯೂ ಜೊತೆಗಿತ್ತು. ವಾಮದೇವಪ್ಪನವರು ಹೊರಗೆ ಬಂದು ಎದುರು ನಿಂತರು.

"ಅವತ್ತು ನಿನ್ನ ಕೇಳ್ತಾರ, ಮೂರು ವರ್ಷ ಕದಾ ಹಾಕ್ಕೊಂಡು ಒಳಗ ಏನ್ ಮಾಡ್ತಿದ್ದಿ ಅಂತ. ಏನ್ ಹೇಳ್ತಿ?"

"ಕ್ಷೌರ ಅಂತೀನ್ರಿ. ಅದಕ್ಕೂ ಹೆಚ್ಚಿಗೆ ಕೇಳಿದ್ರ ಹೇಳಾಂಗಿಲ್ಲ."

"ಕುರ್ಚಿ ಹೋದ್ರೂ?"

ನಾನೇನು ಧರ್ಮರಾಯನಲ್ಲ. ಎಣ್ಣೆಯ ಡಬ್ಬಿ ಕೆಳಗಿಟ್ಟು, ಕುರ್ಚಿಯ ಕೈ ಒರೆಸಿ, ಆಮೇಲೆ "ಹೋದ್ರೂ" ಎಂದೆ.

ಅವರು ಎರಡೂ ಕೈ ತಲೆಗೆ ಹಾಕಿ ವಿಗ್ ತೆಗೆದು, ಗೇಟಿನ ಸರಳಿಗೆ ಸಿಕ್ಕಿಸಿ, ಬಂದು ಕುರ್ಚಿಯಲ್ಲಿ ಕೂತರು. ನುಣ್ಣಗಿನ ತಲೆಯ ಮೇಲೆ ಬಿಸಿಲು ಬಿತ್ತು. ಬೀದಿಯಲ್ಲಿ ಹೋಗುತ್ತಿದ್ದವರು ನಿಂತರು. ಮಾವ ಅವರಿಗೆ ಒಂದು ಮಾತು ಹೇಳಿದ್ದರಂತೆ, ದ್ಯಾಮಣ್ಣನ ಬಾಯಿ ಬ್ಯಾಂಕಿನ ತಿಜೋರಿ ಎಂದು. ಆಗ ನಂಬಿರಲಿಲ್ಲವಂತೆ. ಇಂಥವನು ಏಳು ವರ್ಷ ಎಂದರೆ ಏಳು ವರ್ಷವೇ ಇರಬೇಕು, ದಾವೆ ಹಿಂದಕ್ಕೆ ತೆಗೆಯುತ್ತೇನೆ ಎಂದರು. ಆಮೇಲೆ ಹೆಂಡತಿಯ ಕಡೆ ತಿರುಗದೆಯೇ, ನಿನಗೆ ಹೇಳಬೇಕೆಂದು ಮೂರು ವರ್ಷದಿಂದ ಅಂದುಕೊಳ್ಳುತ್ತಿದ್ದೆ ಎಂದು ತೊದಲಿದರು.

ಸುವರ್ಣಕ್ಕ ಬಾಗಿಲಿಗೆ ಒರಗಿ ನಗುತ್ತಿದ್ದರು. "ನನಗ ಲಗ್ನದ ದಿನಾನ ಗೊತ್ತಿತ್ರಿ. ಅಕ್ಕಿಕಾಳು ಬಿದ್ದಾಗ ಅದು ಸರದಿತ್ತು."

ನಾನು ಬಟ್ಟೆ ಹೊದಿಸಿ, ಸುತ್ತಿನ ಕೂದಲಿಗೆ ನೀರು ಚಿಮುಕಿಸಿ, ಕತ್ತರಿ ಹಚ್ಚಿದೆ. ಕುರ್ಚಿ ಕಿರ್ ಎಂದಿತು. ಅರ್ಧ ಸುತ್ತು ತಿರುಗಿ ನನ್ನ ಅಂಗಡಿಯ ಕಡೆ ಮುಖ ಮಾಡಿ ಒಂದು ಗೇಣು ಇಟ್ಟಿತು, ಮತ್ತೊಂದು, ಮತ್ತೊಂದು. ವಾಮದೇವಪ್ಪನವರು ಕುರ್ಚಿಯ ಎರಡೂ ಕೈ ಗಟ್ಟಿಯಾಗಿ ಹಿಡಿದು ಏನಾಯಿತೆಂದು ಕೇಳಿದರು. ಮನೆಗೆ ಹೊರಟಿದೆ, ಇಳಿದುಬಿಡಿ ಎಂದೆ.

"ಅರ್ಧಕ್ಕ ಬಿಡಬ್ಯಾಡ," ಎಂದರು, "ಹಿಂಗ ಹೆಂಗ ಇಳಿಯೋದು?"

ಹಾಗಾಗಿ ಕುರ್ಚಿ ಮುಂದೆ, ನಾನು ಪಕ್ಕದಲ್ಲಿ ಓಡುನಡಿಗೆಯಲ್ಲಿ, ಕಸ್ತೂರಿ ಹಿಂದೆ ಎಣ್ಣೆಯ ಡಬ್ಬಿ ಹಿಡಿದು, ದರ್ಜಿಯ ಅಂಗಡಿ, ಡೇರಿ, ವಕೀಲರ ಕಚೇರಿ ದಾಟಿ ಬಂದೆವು. ನೀಲಾಂಬಿಕೆಯವರು ಬಾಗಿಲಲ್ಲಿ ನಿಂತು ವಾಮದೇವಪ್ಪನವರ ತಲೆ ನೋಡಿದರು, ನನ್ನನ್ನು ನೋಡಿದರು, ಅವತ್ತು ಹಣೆ ಚಚ್ಚಿಕೊಂಡದ್ದು ನೆನಪಾಗಿಯೋ ಏನೋ ಕೈಮುಗಿದರು. ಅಂಗಡಿಯ ಮುಂದೆ ಬಂದಾಗ ಬಲಗಿವಿಯ ಹಿಂದೆ ಎರಡೇ ಎಳೆ ಉಳಿದಿತ್ತು. ಮಂಗಳವಾರ ನನ್ನ ಅಂಗಡಿಯ ಬಾಗಿಲು ತೆರೆದದ್ದಿಲ್ಲ. ಅವತ್ತು ತೆರೆದೆ. ಕುರ್ಚಿ ಹೊಸ್ತಿಲು ಹತ್ತಿ, ಕನ್ನಡಿಯ ಎದುರು ತನ್ನ ಹಳೆಯ ಗುಳಿಗಳಲ್ಲಿ ಕಾಲೂರಿ ನಿಂತಿತು.

ವಾಮದೇವಪ್ಪನವರು ಕನ್ನಡಿಯಲ್ಲಿ ತಮ್ಮ ತಲೆಯನ್ನು ಬಹಳ ಹೊತ್ತು ನೋಡಿಕೊಂಡರು. ಆಮೇಲೆ, ವಿಚಾರಣೆಗೆಂದು ಕಿಸೆಯಲ್ಲೇ ಇಟ್ಟುಕೊಂಡಿದ್ದ, ನನ್ನ ರುಜು ಇದ್ದ ಆ ಹಳೆಯ ಕಾಗದ ತೆಗೆದರು. ಹರಿದುಹಾಕುತ್ತಾರೆಂದು ನಾನು ಕಾದೆ. ಆದರೆ ಕಾಗದ ನಂಬುವವರು ಕಾಗದ ಹರಿಯುವುದಿಲ್ಲ. ಪೆನ್ನು ಕೇಳಿ, ಅದರ ಬೆನ್ನಿಗೆ ಬರೆದರು: ಏಳು ವರ್ಷದ ಮಂಗಳವಾರಗಳು ಸಂದಿವೆ, ಕುರ್ಚಿ ದ್ಯಾಮಣ್ಣನದು. ಕೆಳಗೆ ರುಜು ಹಾಕಿ, ತಾರೀಖು ಹಾಕಿ, ಅಷ್ಟು ಸಾಲದೆಂಬಂತೆ ವಾರವನ್ನೂ ಬರೆದರು. ಅದನ್ನು ಕನ್ನಡಿಯ ಪಕ್ಕ ಅಂಟಿಸಿದ್ದೇನೆ. ವಿಗ್ ಮಾತ್ರ ಅವತ್ತು ಗೇಟಿನಲ್ಲೇ ಉಳಿಯಿತು, ಸುವರ್ಣಕ್ಕ ಈಗ ಅದರಿಂದ ಕಿಟಕಿಯ ಗಾಜು ಒರೆಸುತ್ತಾರಂತೆ. ನಾನು ಈಗಲೂ ಮಂಗಳವಾರ ಅಂಗಡಿ ತೆರೆಯುತ್ತೇನೆ, ಒಬ್ಬರೇ ಗಿರಾಕಿ ಬರುತ್ತಾರೆ, ಮುಂಬಾಗಿಲಿನಿಂದ.